ಉಮಾಶ್ರೀಯವರ ಅಭಿನಯ

ಗಿರೀಶ್ ಕಾಸರವಳ್ಳಿಯವರ ‘ಗುಲಾಬಿ ಟಾಕೀಸ್’ ಚಿತ್ರದ ಅಭಿನಯಕ್ಕಾಗಿ ಉಮಾಶ್ರೀಯವರಿಗೆ 2007ನೆಯ ಸಾಲಿನ ಶ್ರೇಷ್ಠ ನಟಿಯೆಂಬ ರಾಷ್ಟ್ರಪ್ರಶಸ್ತಿ ದೊರೆತದ್ದನ್ನು, ಹಾಸ್ಯನಟಿಯೊಬ್ಬಳು ಕಡೆಗೂ ಗಂಭೀರ ಕಲೆಯ ಪಂಕ್ತಿಗೆ ಏರಿಬಂದ ಪ್ರಸಂಗವೆಂಬಂತೆ ಭಾವಿಸುವುದು ಸುಲಭ. ಹಾಗೆ ಭಾವಿಸುವುದರಿಂದ ಆ ಕಲಾವಿದೆಯ ಸಾಧನೆಯ ಅರ್ಧಭಾಗವೇ ನಮ್ಮ ಕಣ್ತಪ್ಪಿಹೋಗುತ್ತದೆ. ದೇವನೂರ ಮಹಾದೇವರ ‘ಒಡಲಾಳ’ವನ್ನು ಸಿ.ಜಿ. ಕೃಷ್ಣಸ್ವಾಮಿಯವರು ರಂಗಕ್ಕೆ ತಂದಾಗ, ಕಳೆದುಹೋದ ಹುಂಜವನ್ನರಸಿ ಅಲೆಯುವ ಮುದುಕಿ ಸಾಕವ್ವನಾಗಿ ನಿಂತವರು ಇನ್ನೂ ತಾರುಣ್ಯದಲ್ಲಿದ್ದ ಇದೇ ಉಮಾಶ್ರೀ. ಗಾಂಭೀರ್ಯ ಅವರಿಗೆ ಮೊದಲಿನಿಂದಲೂ ಸಿದ್ಧಿಸಿದ್ದಿತು. ಅದನ್ನು ಬೇಡುವ ಚಿತ್ರಗಳು ಮಾತ್ರ ಇರಲಿಲ್ಲ.

1984ರ ‘ಅನುಭವ’ದಿಂದ ಮೊದಲ್ಗೊಂಡು ವಾಣಿಜ್ಯ ಚಿತ್ರರಂಗ ಅವರಿಗೆ ಕೊಟ್ಟ ಪಾತ್ರಗಳಲ್ಲಿ ಬಹುಪಾಲು ಅಗ್ಗದ ದ್ವಂದ್ವಾರ್ಥದವು ಎಂಬುದು ದುಃಖದ ಸಂಗತಿಯೇ ಸರಿ. ಆದರೂ 1995ರ ‘ಪುಟ್ನಂಜ’ದಲ್ಲಿ, ತಮಗಿಂತ ನಾಲ್ಕೇ ವರ್ಷ ಕಿರಿಯರಾದ ರವಿಚಂದ್ರನ್ನರಿಗೆ ಅಜ್ಜಿಯಾಗಿ, ಪುಟ್ಮಲ್ಲಿಯ ನಡೆಯನ್ನೂ ಗದರಿಕೆಯನ್ನೂ ಅಕ್ಕರೆಯನ್ನೂ ಒಂದೇ ಉಸಿರಿನಲ್ಲಿ ಹಿಡಿದ ಆ ಬಗೆಯನ್ನು ಕಂಡವರು ಅದನ್ನು ಕೇವಲ ವಿನೋದವೆಂದು ತಳ್ಳಿಹಾಕಲಾರರು.

ವೈದೇಹಿಯವರ ಕಥೆಯನ್ನಾಧರಿಸಿದ ‘ಗುಲಾಬಿ ಟಾಕೀಸ್’ನ ನಾಯಿಕೆ, ಕುಂದಾಪುರದ ಕಡಲತಡಿಯಲ್ಲಿ ಗಂಡನಿಂದ ತ್ಯಕ್ತಳಾಗಿ ಬಾಳುವ ಮುಸ್ಲಿಂ ಸೂಲಗಿತ್ತಿ, ಸಿನೆಮಾದ ಹುಚ್ಚು ಅವಳಿಗೆ ವ್ಯಸನವೂ ಹೌದು, ಸಾಂತ್ವನವೂ ಹೌದು. ಹೆರಿಗೆಗೆ ಪ್ರತಿಫಲವಾಗಿ ಬಂದ ಬಣ್ಣದ ಟಿ.ವಿ. ಗುಡಿಸಲಿನಲ್ಲಿ ನೆಲೆಗೊಂಡು, ಅದರ ಸುತ್ತ ನೆರೆಯ ಹೆಂಗಸರು ನೆರೆಯತೊಡಗಿದಾಗ ಗುಲಾಬಿಯ ಮುಖದಲ್ಲಿ ಮೂಡುವ ಸಂಭ್ರಮವನ್ನು ಗಮನಿಸಬೇಕು: ಹಾಸ್ಯಪಾತ್ರಗಳಲ್ಲಿ ಅಟ್ಟಹಾಸವಾಗಿ ಸಿಡಿಯುತ್ತಿದ್ದ ಶಕ್ತಿಯೇ ಇಲ್ಲಿ ಕಣ್ಣಿನ ಅಂಚಿನಲ್ಲಿ, ಸೆರಗು ಸರಿಪಡಿಸಿಕೊಳ್ಳುವ ಅವಸರದಲ್ಲಿ, ಅರ್ಧಕ್ಕೆ ತಡೆದ ನಗೆಯಲ್ಲಿ ಹರಳುಗಟ್ಟಿದೆ. ನಗಿಸುವ ನಟಿಗೆ ಕಾಲದ ಪ್ರಜ್ಞೆ ಅತ್ಯಗತ್ಯ. ಯಾವ ಕ್ಷಣದಲ್ಲಿ ತಡೆಯಬೇಕು, ಯಾವಾಗ ಬಿಡಬೇಕೆಂಬ ಆ ವಿವೇಕವೇ ಗುಲಾಬಿಯ ಮೌನಗಳಿಗೆ ತೂಕವನ್ನಿತ್ತಿದೆ. ಅವಳಲ್ಲಿಗೆ ಟಿ.ವಿ. ನೋಡಲು ಬರುತ್ತಿದ್ದ ನೆರೆಯ ನೇತ್ರು ಕಾಣೆಯಾದ ಬಳಿಕ ಊರಿನ ಸಂಶಯವೂ ಮತದ್ವೇಷವೂ ತನ್ನ ಮೇಲೆ ಕವಿಯುತ್ತಿರುವಾಗ ಆಕೆ ವೀರಾಂಗನೆಯಾಗುವುದಿಲ್ಲ, ಕನಿಕರವನ್ನು ಯಾಚಿಸುವುದೂ ಇಲ್ಲ. ತನ್ನ ಅಪರಾಧವೇನೆಂದು ತಿಳಿಯದವಳ ದಿಗ್ಭ್ರಮೆಯೊಂದೇ ಅಲ್ಲಿ ಉಳಿಯುತ್ತದೆ. ದೋಷವೆಣಿಸಲೇಬೇಕಾದರೆ, ಆವೇಗದ ಒಂದೆರಡು ಸನ್ನಿವೇಶಗಳಲ್ಲಿ ರಂಗಭೂಮಿಯ ಕಂಠವು ಕ್ಯಾಮರಾದ ಸಾಮೀಪ್ಯವನ್ನು ಮರೆತಿದೆಯೆನ್ನಬಹುದು.

2010ರ ‘ಕನಸೆಂಬೋ ಕುದುರೆಯನೇರಿ’ಯಲ್ಲಿ ನಟ ಬಿರಾದಾರರು ಅಭಿನಯಿಸಿದ ಈರ್ಯನಿಗೆ ಹೆಂಡತಿಯಾಗಿ ಅವರು ಮತ್ತೆ ಕಾಸರವಳ್ಳಿಯವರೊಡನೆ ದುಡಿದರು. ಈ ನಡುವೆ ರಾಜಕಾರಣವೂ ಅವರನ್ನು ಕರೆದಿತ್ತು. 2013ರಲ್ಲಿ ತೇರದಾಳದಿಂದ ಗೆದ್ದು ಮಂತ್ರಿಯೂ ಆದರು. ಇಂತಹ ನಟಿಗೆ ತಕ್ಕ ಪಾತ್ರಗಳನ್ನು ನಮ್ಮ ಹೊಸ ಅಲೆಯ ಚಿತ್ರಗಳು ಬೆರಳೆಣಿಕೆಯಷ್ಟೂ ಕೊಡಲಿಲ್ಲ, ಕೊಟ್ಟದ್ದೂ ಬಲು ತಡವಾಗಿ: ಈ ಲೋಪದ ಹೊಣೆ ನಟಿಯದಲ್ಲ, ಚಿತ್ರ ನಿರ್ಮಿಸಿದವರದು.