ದಿಬ್ಬದ ಮೇಲಿನ ಸೆಟ್ಟು, ದಿಬ್ಬದ ಕೆಳಗಿನ ಊರು

ಬಂಗಾರಪೇಟೆ ಜಂಕ್ಷನ್‌ನಿಂದ ಒಂದು ಹಳಿ ಜೋಲಾರಪೇಟೆಯ ಕಡೆ ನೆಟ್ಟಗೆ ಓಡುತ್ತದೆ. ಇನ್ನೊಂದು 1894ರಲ್ಲಿ ಕೋಲಾರದ ಚಿನ್ನದ ಗಣಿಗಾಗಿಯೇ, ಅಂದರೆ ಕೆಜಿಎಫ್‌ಗಾಗಿಯೇ ಹಾಕಿದ್ದು. ಅದು ಬೆಮೆಲ್ ನಗರ, ಕೋರಮಂಡಲ್, ಊರ್ಗಾಂ, ಚಾಂಪಿಯನ್ ದಾಟಿ ಮಾರಿಕುಪ್ಪಂಗೆ ಹೋಗಿ ನಿಲ್ಲುತ್ತದೆ. ಈ ದಾರಿಯಲ್ಲಿ ಕಿಟಕಿ ಪಕ್ಕ ಕೂತವರಿಗೆ ಸಯನೈಡ್ ದಿಬ್ಬಗಳು ಕಾಣಿಸತೊಡಗುತ್ತವೆ. ನೂರು ವರ್ಷಕ್ಕೂ ಮಿಗಿಲಾಗಿ ಅದಿರು ಅರೆದು, ಚಿನ್ನ ಬಸಿದುಕೊಂಡು, ಉಳಿದ ಪುಡಿಯನ್ನು ಸುರಿದೂ ಸುರಿದೂ ಬೆಳೆದ ಬೂದುಬಣ್ಣದ ಗುಡ್ಡಗಳು ಅವು. ಮಳೆ ಅವುಗಳ ಮೈಯಲ್ಲಿ ಆಳವಾದ ಕೊರಕಲು ತೆಗೆದಿದೆ. ಬೇಸಿಗೆಯ ಗಾಳಿಗೆ ಅದೇ ಪುಡಿ ಎದ್ದು ಒಣಹಾಕಿದ ಬಟ್ಟೆ, ಮುಚ್ಚಳ ತೆಗೆದಿಟ್ಟ ಪಾತ್ರೆ, ಮಕ್ಕಳ ಎದೆ ಎಲ್ಲದರ ಮೇಲೂ ಕೂರುತ್ತದೆ.

2018ರ ಡಿಸೆಂಬರ್‌ನಲ್ಲಿ ತೆರೆಕಂಡ ಪ್ರಶಾಂತ್ ನೀಲ್ ಅವರ ‘ಕೆಜಿಎಫ್’ ಈ ದಿಬ್ಬಗಳನ್ನು ದೇಶಕ್ಕೆಲ್ಲ ತೋರಿಸಿತು. ಎಂಬತ್ತು ಕೋಟಿಯ ಚಿತ್ರವೆಂದು ಸುದ್ದಿಯಾದ ಅದರಲ್ಲಿ ಈ ನೆಲ ‘ನರಾಚಿ’ ಎಂಬ ಕಲ್ಪಿತ ಸಾಮ್ರಾಜ್ಯವಾಯಿತು. ಕನ್ನಡ ಸಿನಿಮಾದ ಮಾರುಕಟ್ಟೆಯನ್ನೇ ಹಿಗ್ಗಿಸಿದ ಚಿತ್ರವದು, ಅದರ ಕಸುಬುದಾರಿಕೆಯನ್ನು ಅಲ್ಲಗಳೆಯುವ ಅಗತ್ಯವಿಲ್ಲ. 2024ರಲ್ಲಿ ಪಾ. ರಂಜಿತ್ ತಮಿಳಿನ ‘ತಂಗಲಾನ್’ನಲ್ಲಿ ಇದೇ ನೆಲದ ಚಿನ್ನದ ಹಿಂದಿರುವ ದಲಿತರ ಬೆವರನ್ನು ಪುರಾಣದ ಹಾದಿಯಲ್ಲಿ ಹುಡುಕಿದರು. ಎರಡೂ ದೊಡ್ಡ ದುಡ್ಡಿನ ಚಿತ್ರಗಳು. ಎರಡರಲ್ಲೂ ದಿಬ್ಬವಿದೆ, ಧೂಳಿದೆ, ಯುದ್ಧವಿದೆ. 2001ರ ಫೆಬ್ರವರಿ 28ರಂದು ಭಾರತ್ ಗೋಲ್ಡ್ ಮೈನ್ಸ್ ಬಾಗಿಲು ಹಾಕಿದ ಮೇಲೂ ಅಲ್ಲೇ ಉಳಿದುಕೊಂಡ ಊರು ಮಾತ್ರ ಎರಡರಲ್ಲೂ ಇಲ್ಲ.

ಆ ಊರನ್ನು ತೋರಿಸಲು ಕೋಟಿಗಟ್ಟಲೆ ಹಣ ಬೇಕಿಲ್ಲ ಎನ್ನುವುದಕ್ಕೆ ಕನ್ನಡದಲ್ಲೇ ಐವತ್ತು ವರ್ಷ ದಾಟಿದ ಪರಂಪರೆಯ ಆಧಾರವಿದೆ. ಅಷ್ಟು ಹಳೆಯ ಪರಂಪರೆ ಕೋಲಾರದ ಗಣಿಯ ಕಡೆ ಯಾಕೆ ಹೆಚ್ಚು ಕಾಲಿಡಲಿಲ್ಲ ಎಂದು ಕೇಳಬೇಕಾದರೆ, ಅದು ಕಡಿಮೆ ದುಡ್ಡಿನಿಂದ ಏನನ್ನು ಕಲಿತಿತು ಎಂಬುದನ್ನು ಮೊದಲು ನೋಡಬೇಕು.

1970ರ ‘ಸಂಸ್ಕಾರ’ ಒಂದು ಲಕ್ಷ ರೂಪಾಯಿಯೊಳಗೆ ಮುಗಿದ ಚಿತ್ರ. ನಿರ್ದೇಶಿಸಿದ ಪಟ್ಟಾಭಿರಾಮ ರೆಡ್ಡಿ ಮೂಲತಃ ತೆಲುಗು ಕವಿ. ಕ್ಯಾಮೆರಾ ಹಿಡಿದ ಟಾಮ್ ಕೋವನ್ ಆಸ್ಟ್ರೇಲಿಯಾದವರು. ಪ್ರಾಣೇಶಾಚಾರ್ಯರಾಗಿ ಗಿರೀಶ್ ಕಾರ್ನಾಡ್, ನಾರಣಪ್ಪನಾಗಿ ಪಿ. ಲಂಕೇಶ್, ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ. ಬಹುಪಾಲು ಗೆಳೆಯರ ಗುಂಪೇ. ಶೃಂಗೇರಿ ಸೀಮೆಯ ಒಂದು ಅಗ್ರಹಾರದಲ್ಲಿ ಚಿತ್ರೀಕರಣ ನಡೆಯಿತು. ಇಲ್ಲಿ ಗಮನಿಸಬೇಕಾದ ಒಂದು ಸಂಗತಿಯಿದೆ. ಚಿತ್ರಕ್ಕೆ ಮೂಲವಾದ ಅನಂತಮೂರ್ತಿಯವರ ಕತೆಯೇ ಬಾಗಿಲು ಹಾಕಿಕೊಂಡ ಕತೆ. ಹೆಣ ಕೊಳೆಯುತ್ತಿದೆ, ಅದನ್ನು ಎತ್ತುವವರಿಲ್ಲ, ಎತ್ತುವ ತನಕ ಒಲೆ ಹಚ್ಚುವಂತಿಲ್ಲ. ಹತ್ತು ಊರು ಸುತ್ತಲು ಹಣವಿಲ್ಲದ ತಂಡಕ್ಕೆ ತನ್ನೊಳಗೇ ಮುಚ್ಚಿಕೊಂಡ ಬೀದಿ ಸಿಕ್ಕಿತು. ಅಂಗಳದ ಬಿಸಿಲು, ನಡುಮನೆಯ ಕತ್ತಲು, ಜಗಲಿಯ ಮೇಲೆ ಹಸಿದು ಕೂತವರ ಮುಖ: ಕ್ಯಾಮೆರಾಕ್ಕೆ ಸಿಕ್ಕಿದ್ದೇ ಇಷ್ಟು, ಕತೆಗೆ ಬೇಕಿದ್ದದ್ದೂ ಇಷ್ಟೇ. ಸೆನ್ಸಾರ್ ತಡೆಯನ್ನು ದಾಟಿ ಬಂದ ಆ ಚಿತ್ರಕ್ಕೆ ಆ ವರ್ಷದ ಸ್ವರ್ಣಕಮಲ ಬಂತು.

ಏಳು ವರ್ಷದ ಮೇಲೆ ಗಿರೀಶ್ ಕಾಸರವಳ್ಳಿ ತಮ್ಮ ಮೊದಲ ಚಿತ್ರ ‘ಘಟಶ್ರಾದ್ಧ’ದಲ್ಲಿ ಆ ಇಕ್ಕಟ್ಟನ್ನು ಇನ್ನಷ್ಟು ಬಿಗಿದರು. ಒಂದು ವೇದಪಾಠಶಾಲೆ, ಒಬ್ಬ ಹುಡುಗ, ಒಬ್ಬ ವಿಧವೆ. ದೊಡ್ಡವರು ಯಮುನೆಗೆ ಮಾಡುವುದನ್ನೆಲ್ಲ ನಾಣಿಯ ಕಣ್ಣೆತ್ತರದಿಂದಲೇ ನಾವು ನೋಡುತ್ತೇವೆ. ಕೊನೆಗೆ ತಲೆ ಬೋಳಿಸಿಕೊಂಡು ಕೂತ ಯಮುನಕ್ಕನನ್ನು ಆ ಹುಡುಗ ನೋಡುವ ನೋಟಕ್ಕೆ ಯಾವ ಸೆಟ್ಟೂ ಬೇಕಾಗಲಿಲ್ಲ. ಎಸ್. ರಾಮಚಂದ್ರ ಅವರ ಆ ಕಪ್ಪು-ಬಿಳುಪು ಚಿತ್ರಿಕೆಗಳು 2024ರಲ್ಲಿ ಹೊಸದಾಗಿ ಸಂರಕ್ಷಿಸಿದ ಪ್ರತಿಯಾಗಿ ವೆನಿಸ್ ಉತ್ಸವದ ತೆರೆಯ ಮೇಲೆ ಬಂದವು. ಅವು ಹಳತಾಗಿರಲಿಲ್ಲ.

ಕಡಿಮೆ ದುಡ್ಡಿನ ಕಲೆಯನ್ನು ಪ್ರಶಸ್ತಿಯ ಚಿತ್ರಗಳ ಲೆಕ್ಕಕ್ಕಷ್ಟೇ ಬರೆಯುವುದು ಅನ್ಯಾಯ. ‘ಅಪರಿಚಿತ’ದ ಕಾಶಿನಾಥ್ ತಾರೆಯರಿಲ್ಲದೆ ಚಿತ್ರಮಂದಿರ ತುಂಬಿಸಿದರು, ಉಪೇಂದ್ರರಂಥವರನ್ನು ತಯಾರು ಮಾಡಿದರು. ದಿನೇಶ್ ಬಾಬು ‘ಇದು ಸಾಧ್ಯ’ವನ್ನು 36 ಗಂಟೆಗಳಲ್ಲಿ ಚಿತ್ರೀಕರಿಸಿದರು. ಗಾಂಧಿನಗರ ಇವರನ್ನು ಮಿತವ್ಯಯಿಗಳೆಂದು ಹೊಗಳಿತು. ಶೈಲಿಕಾರರೆಂದು ಗಂಭೀರವಾಗಿ ಓದುವ ಕೆಲಸ ಇನ್ನೂ ಬಾಕಿಯಿದೆ.

2013ರ ‘ಲೂಸಿಯಾ’ ಹಣ ಬರುವ ದಾರಿಯನ್ನೇ ಬದಲಿಸಿತು. ನಿರ್ಮಾಪಕರು ಸಿಗದೆ ಪವನ್ ಕುಮಾರ್ ನೇರವಾಗಿ ನೋಡುಗರನ್ನೇ ಕೇಳಿದರು. 27 ದಿನಗಳಲ್ಲಿ 110 ಮಂದಿ ಸೇರಿ 50 ಲಕ್ಷ ದಾಟಿಸಿದರು. ಚಿತ್ರಮಂದಿರದಲ್ಲಿ ಟಾರ್ಚು ಹಿಡಿದು ಸೀಟು ತೋರಿಸುವ ನಿಕ್ಕಿಯ ಬದುಕು ಬಣ್ಣದಲ್ಲಿದೆ, ತಾರೆಯ ಬದುಕು ಕಪ್ಪು-ಬಿಳುಪಿನಲ್ಲಿ. ಬಂಗಲೆ, ಕಾರು, ಜನಜಂಗುಳಿ ಹಾಕಿ ಹೇಳಬೇಕಿದ್ದ ಅಂತರವನ್ನು ಆ ಚಿತ್ರ ಬಣ್ಣ ಕಳಚಿ ಹೇಳಿಬಿಟ್ಟಿತು.

‘ತಿಥಿ’ಯ ಕತೆ ಬೇರೆ. ರಾಮ್ ರೆಡ್ಡಿ ಮತ್ತು ಈರೇಗೌಡ ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ ಕೂತು ಅಲ್ಲಿನವರನ್ನೇ ಪಾತ್ರಗಳಾಗಿಸಿ ಬರೆದರು. ನೂರೊಂದು ವರ್ಷದ ಸೆಂಚುರಿಗೌಡ ಸಾಯುತ್ತಾನೆ, ಹನ್ನೊಂದನೆಯ ದಿನ ತಿಥಿ. ಮೊಮ್ಮಗನಿಗೆ ಜಮೀನಿನ ಚಿಂತೆ, ಮರಿಮಗನಿಗೆ ಕುರಿ ಕಾಯುವ ಹುಡುಗಿಯ ಚಿಂತೆ. ಮಗ ಗಡ್ಡಪ್ಪನಿಗೆ ಯಾವ ಚಿಂತೆಯೂ ಇಲ್ಲ. ಪಾತ್ರ ಮಾಡಿದ ಚನ್ನೇಗೌಡರು ಹೊಲದ ಬದುವಿನ ಮೇಲೆ ನಡೆದುಹೋಗುವುದನ್ನು ಗಮನವಿಟ್ಟು ನೋಡಬೇಕು. ಆತುರವಿಲ್ಲದ, ಯಾರಿಗೂ ಏನನ್ನೂ ತೋರಿಸಬೇಕಿಲ್ಲದ ನಡಿಗೆ ಅದು. ಎಷ್ಟೇ ಸಂಭಾವನೆ ಕೊಟ್ಟರೂ ತರಬೇತಾದ ನಟನ ಕಾಲಿಗೆ ಅದು ಬರುವುದು ಕಷ್ಟ. ಚೌಕಾಸಿಯ ಮಾತು, ಬೈಗುಳ, ಎತ್ತರದ ದನಿ ಎಲ್ಲವನ್ನೂ ಸ್ಥಳದಲ್ಲೇ ಹಿಡಿದದ್ದರಿಂದ ಮಂಡ್ಯದ ಕನ್ನಡ ಮೊದಲ ಬಾರಿಗೆ ತೆರೆಯ ಮೇಲೆ ಉಸಿರಾಡಿತು ಎಂದರೆ ಅತಿಶಯವಲ್ಲ. 2015ರಲ್ಲಿ ಲೊಕಾರ್ನೊ ಉತ್ಸವ ಅದಕ್ಕೆ ಎರಡು ಪ್ರಶಸ್ತಿ ಕೊಟ್ಟಿತು.

ಆಮೇಲಿನ ನಿರ್ದೇಶಕರು ಈ ದಾರಿಯನ್ನು ತಮ್ಮ ತಮ್ಮ ಊರಿಗೆ ಕೊಂಡೊಯ್ದರು. ನಟೇಶ್ ಹೆಗಡೆ ‘ಪೆದ್ರೊ’ದಲ್ಲಿ ಉತ್ತರ ಕನ್ನಡದ ತಮ್ಮ ಊರಿನ ಮಳೆಯನ್ನೂ ಕೆಸರನ್ನೂ ತಂದರು, ಮುಖ್ಯ ಪಾತ್ರಕ್ಕೆ ತಂದೆಯನ್ನೇ ನಿಲ್ಲಿಸಿದರು. ಜೈಶಂಕರ್ ಆರ್ಯರ್ ಅವರ ‘ಶಿವಮ್ಮ’ ಕೊಪ್ಪಳ ಜಿಲ್ಲೆಯ ಯರೇಹಂಚಿನಾಳದ ಚಿತ್ರ. ಶಕ್ತಿಪೇಯ ಮಾರುವ ಸರಣಿ ವ್ಯಾಪಾರಕ್ಕೆ ಬಿದ್ದ ಬಡ ಹೆಂಗಸೊಬ್ಬಳ ಹಟದ ಕತೆಗೆ ಶರಣಮ್ಮ ಚೆಟ್ಟಿ ಜೀವ ಕೊಟ್ಟರು, 2022ರಲ್ಲಿ ಬೂಸಾನ್ ಉತ್ಸವದ ನ್ಯೂ ಕರೆಂಟ್ಸ್ ಪ್ರಶಸ್ತಿ ಬಂತು. ಚಿದಾನಂದ ಎಸ್. ನಾಯ್ಕ್ ನಾಲ್ಕು ದಿನಗಳಲ್ಲಿ ಚಿತ್ರೀಕರಿಸಿದ ಹದಿನಾರು ನಿಮಿಷದ ಕನ್ನಡ ಕಿರುಚಿತ್ರ 2024ರಲ್ಲಿ ಕಾನ್ ಉತ್ಸವದ ವಿದ್ಯಾರ್ಥಿ ವಿಭಾಗದಲ್ಲಿ ಮೊದಲ ಬಹುಮಾನ ಪಡೆಯಿತು.

ಇಷ್ಟೆಲ್ಲದರಲ್ಲಿ ಒಂದು ಪಾಠ ಎದ್ದು ಕಾಣುತ್ತದೆ. ದುಡ್ಡಿಲ್ಲದಿದ್ದಾಗ ಒಳ್ಳೆಯ ನಿರ್ದೇಶಕ ಒಂದು ಊರಿಗೆ ಶರಣಾಗುತ್ತಾನೆ. ಅಲ್ಲಿನ ಬೆಳಕು ಎಷ್ಟು ಹೊತ್ತಿಗೆ ಎಲ್ಲಿ ಬೀಳುತ್ತದೆ, ಜನ ಯಾವ ಮಾತನ್ನು ಎಲ್ಲಿ ನುಂಗುತ್ತಾರೆ ಎಂಬುದನ್ನು ಕಾಯ್ದು ಕಲಿಯುತ್ತಾನೆ. ದುಡ್ಡಿದ್ದವರು ಊರನ್ನು ಕಟ್ಟಿಸಬಲ್ಲರು, ಹಾಗಾಗಿ ಅದನ್ನು ಅರಿಯುವ ತುರ್ತು ಅವರಿಗೆ ಬರುವುದಿಲ್ಲ.

ಆದರೆ ಈ ಪರಂಪರೆಗೆ ರೋಗಗಳೂ ಅಂಟಿವೆ. ಸಬ್ಸಿಡಿ ಮತ್ತು ಪ್ರಶಸ್ತಿಯ ಅಳತೆಗೆ ಹೊಲಿದ ಚಿತ್ರಗಳು ವರ್ಷವರ್ಷವೂ ಬರುತ್ತವೆ. ಅವುಗಳಲ್ಲಿ ಊರು ಸುಂದರವಾಗಿರುತ್ತದೆ, ಬಡವರು ಮೌನವಾಗಿರುತ್ತಾರೆ, ಕ್ಯಾಮೆರಾ ಕದಲುವುದಿಲ್ಲ. ಹಣವಿಲ್ಲದ್ದು ಅಲ್ಲಿ ಏನನ್ನೂ ಹೊಸದಾಗಿ ಹುಡುಕಿಸಿಲ್ಲ. ಇನ್ನೊಂದು ರೋಗ ಇದಕ್ಕಿಂತ ಗಂಭೀರ. ‘ಕಡಿಮೆ ಬಜೆಟ್’ ಎನ್ನುವುದು ಎಷ್ಟೋ ಸಲ ಯಾರದೋ ಬಾಕಿ ಕೂಲಿಯ ಇನ್ನೊಂದು ಹೆಸರು. ದೀಪ ಹೊರುವವನು, ಸದ್ದು ಹಿಡಿಯುವವಳು, ಊಟ ಬಡಿಸುವವನು ಕಲೆಯ ಹೆಸರಿನಲ್ಲಿ ಪುಕ್ಕಟೆ ದುಡಿಯಬೇಕೆಂದು ಕೇಳುವುದು ತಪ್ಪು. ಬಡಜನರ ಬದುಕಿನ ಚಿತ್ರಕ್ಕಾಗಿ ಬಡಜನರ ಕೂಲಿ ಮುರಿಯುವುದಂತೂ ಇನ್ನೂ ದೊಡ್ಡ ತಪ್ಪು.

ಕೂಲಿಯ ಮಾತು ಬಂದಾಗ ಕೆಜಿಎಫ್ ತಾನಾಗಿಯೇ ನೆನಪಾಗುತ್ತದೆ. 1930ರಲ್ಲಿ ಇಲ್ಲಿನ ಗಣಿ ಕಾರ್ಮಿಕರು ಬೆರಳಚ್ಚು ಕೊಡುವುದಿಲ್ಲವೆಂದು ಮುಷ್ಕರ ಹೂಡಿದರು. ಕಂಪನಿ ತಮ್ಮನ್ನು ಅಪರಾಧಿಗಳಂತೆ ದಾಖಲಿಸುವುದನ್ನು ಅವರು ಒಪ್ಪಲಿಲ್ಲ. ಇತಿಹಾಸಕಾರ್ತಿ ಜಾನಕಿ ನಾಯರ್ ಇಲ್ಲಿನ ದುಡಿಮೆಗಾರರ ಬದುಕನ್ನು ವಿಸ್ತಾರವಾಗಿ ಬರೆದಿದ್ದಾರೆ. ಶಾಯಿಯ ಡಬ್ಬಿ, ಒಂದು ಮೇಜು, ಸಾಲಾಗಿ ನಿಂತ ಜನ, ಮುಂದೆ ಬಾರದ ಒಂದು ಹೆಬ್ಬೆರಳು: ಈ ದೃಶ್ಯಕ್ಕೆ ಎಷ್ಟು ಖರ್ಚು?

ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದಿತ್ತು. ಆ ಆಳವನ್ನು ಕಟ್ಟಿಸಲು ದೊಡ್ಡ ಚಿತ್ರಗಳೂ ಬೆವರುತ್ತವೆ. ಗಣಿ ಮುಚ್ಚಿದ ಮೇಲೆ ಕೆಳಗಿನ ಸುರಂಗಗಳಲ್ಲಿ ನೀರು ತುಂಬಿದೆ. ಸಣ್ಣ ಚಿತ್ರವೊಂದು ಅಲ್ಲಿಗೆ ಇಳಿಯಲೇಬೇಕಿಲ್ಲ. ಒಳಗೆ ಒತ್ತಡಕ್ಕೆ ಬಂಡೆ ಸಿಡಿದರೆ ಮೇಲಿನ ನೆಲವೂ ನಡುಗುತ್ತಿತ್ತು. ಕಾರ್ಮಿಕರ ಲೈನಿನ ಒಂದು ಮನೆ. ಹಲಗೆಯ ಮೇಲೆ ಜೋಡಿಸಿಟ್ಟ ಸ್ಟೀಲ್ ಲೋಟಗಳು ಸಣ್ಣಗೆ ಕಿಣಿಗುಟ್ಟುತ್ತವೆ. ಅಕ್ಕಿ ಆರಿಸುತ್ತಿದ್ದ ಹೆಂಗಸಿನ ಕೈ ನಿಲ್ಲುತ್ತದೆ. ಇದು ಯಾರ ಪಾಳಿ ಎಂದು ಅವಳು ಮನಸ್ಸಿನಲ್ಲೇ ಲೆಕ್ಕ ಹಾಕುತ್ತಾಳೆ. ಬಾಗಿಲಾಚೆ ಯಾರೋ ಓಡುವ ಸದ್ದು. ಇಷ್ಟು ಸಾಕು, ಮೂರು ಕಿಲೋಮೀಟರ್ ಆಳ ನೋಡುಗರ ಹೊಟ್ಟೆಯೊಳಗೆ ಇಳಿಯುತ್ತದೆ.

ಹಾಗಿದ್ದೂ ಅಂಥ ಚಿತ್ರಗಳು ಇಲ್ಲಿಂದ ಹೊಮ್ಮದಿರುವುದಕ್ಕೆ ಭಾಷೆಯೂ ಒಂದು ಕಾರಣವಿರಬೇಕು. ಗಣಿಯ ಕೆಲಸಕ್ಕೆ ಆರ್ಕಾಟ್ ಸೀಮೆಯಿಂದ ಬಂದ ತಮಿಳು ದಲಿತರ ಮಕ್ಕಳು, ಮೊಮ್ಮಕ್ಕಳು ಇಲ್ಲಿನವರೇ ಆಗಿದ್ದಾರೆ. ರಾಬರ್ಟ್‌ಸನ್‌ಪೇಟೆಯ ಮಾರುಕಟ್ಟೆಯಲ್ಲಿ ಒಂದೇ ಚೌಕಾಸಿ ತಮಿಳಿನಲ್ಲಿ ಶುರುವಾಗಿ ತೆಲುಗು ಹಾದು ಕನ್ನಡದಲ್ಲಿ ಮುಗಿಯಬಹುದು. ಈ ಬೆರಕೆ ನುಡಿ ಸಹಾಯಧನದ ಅರ್ಜಿಯ ಯಾವ ಕಲಮಿಗೂ ಸಲೀಸಾಗಿ ಕೂರುವುದಿಲ್ಲ. ಮಲೆನಾಡಿನ ಅಗ್ರಹಾರಕ್ಕೆ, ಮಂಡ್ಯದ ಗದ್ದೆಗೆ, ಕೊಪ್ಪಳದ ಎರೆಮಣ್ಣಿಗೆ ಒಗ್ಗಿದ ನಮ್ಮ ಹೊಸ ಅಲೆಯ ಕಿವಿ ಈ ಮೂರು ನುಡಿಗಳ ಊರಿಗೆ ಇನ್ನೂ ಒಗ್ಗಿಲ್ಲ. ಆದರೆ ಮಂಡ್ಯದ ಬೈಗುಳವನ್ನು ತಿದ್ದದೆ ಬಿಟ್ಟದ್ದರಿಂದಲೇ ‘ತಿಥಿ’ ಗೆದ್ದಿತು. ಕೆಜಿಎಫ್‌ನ ಮಾತನ್ನು ತಿದ್ದದೆ ಬಿಡುವ ಧೈರ್ಯವೇ ಈ ಪರಂಪರೆಗೆ ಈಗ ಬೇಕಾದದ್ದು. ಕನ್ನಡದ ಸಿನಿಮಾ ಎಂಬ ಮಾತಿನೊಳಗೆ ಕರ್ನಾಟಕದ ಎಲ್ಲ ಬಾಯಿಗಳೂ ಹಿಡಿಸಬೇಕು.

ಊರು ಮಾತ್ರ ತನ್ನ ಪಾಡಿಗೆ ನಡೆದಿದೆ. ಕತ್ತಲು ಹರಿಯುವ ಮುನ್ನ ಮಾರಿಕುಪ್ಪಂನಲ್ಲಿ ರೈಲು ಹೊರಡಲು ನಿಂತಿರುತ್ತದೆ. ಗಣಿ ಮುಚ್ಚಿದ ಮೇಲೆ ಈ ಊರಿನ ಸಾವಿರಾರು ಜನರ ದುಡಿಮೆ ಬೆಂಗಳೂರಿನಲ್ಲಿ. ಊಟದ ಡಬ್ಬಿ ತೊಡೆಯ ಮೇಲಿಟ್ಟುಕೊಂಡು ಅರ್ಧ ನಿದ್ದೆಯಲ್ಲಿ ಒರಗಿದವರು, ಪಕ್ಕದವರಿಗೆ ಜಾಗ ಹಿಡಿದು ಕಾಯುವವರು, ಇಯರ್‌ಫೋನ್ ಸಿಕ್ಕಿಸಿಕೊಂಡ ಹುಡುಗಿಯರು. ಚಾಂಪಿಯನ್‌ನಲ್ಲಿ ಇನ್ನಷ್ಟು ಜನ ಹತ್ತುತ್ತಾರೆ, ಊರ್ಗಾಂನಲ್ಲಿ ಮತ್ತಷ್ಟು. ಬಂಗಾರಪೇಟೆ ಬರುವ ಹೊತ್ತಿಗೆ ಬೆಳಕು ಕಿಟಕಿಯ ಸರಳುಗಳ ನಡುವಿನಿಂದ ಅಡ್ಡಡ್ಡವಾಗಿ ಮುಖಗಳ ಮೇಲೆ ಬೀಳತೊಡಗುತ್ತದೆ, ಹಿಂದೆ ದಿಬ್ಬಗಳು ಇನ್ನೂ ಕಪ್ಪಗೆ ಇರುತ್ತವೆ.