ನೌಜಾದಿ ಹೇಳಿದ ಚೌರಿಚೌರಾ

ಮುಂಬಯಿಯಲ್ಲಿರುವ ನಮಗೆ ಗೋರಖ್‌ಪುರ ಅಂದರೆ ಕುರ್ಲಾದಿಂದ ಹೊರಡುವ ಕಿಕ್ಕಿರಿದ ರೈಲು. ಅದರ ಹತ್ತಿರದ ಚೌರಿಚೌರಾ ಅಂದರೆ ಶಾಲೆಯಲ್ಲಿ ಉರು ಹೊಡೆದ ಒಂದು ಸಾಲು: 1922ರ ಫೆಬ್ರವರಿಯಲ್ಲಿ ಜನ ಪೊಲೀಸ್ ಠಾಣೆಗೆ ಬೆಂಕಿ ಹಚ್ಚಿದರು, ಗಾಂಧೀಜಿ ಅಸಹಕಾರ ಚಳವಳಿ ನಿಲ್ಲಿಸಿದರು. ಪರೀಕ್ಷೆಗೆ ಅಷ್ಟು ಸಾಕು. ಆ ಜನ ಯಾರು, ಅವತ್ತು ಮನೆಯಿಂದ ಯಾಕೆ ಹೊರಟರು ಅಂತ ನಾವೂ ಕೇಳಲಿಲ್ಲ, ಮೇಷ್ಟ್ರೂ ಹೇಳಲಿಲ್ಲ.

ದೆಹಲಿ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದ ಇತಿಹಾಸಕಾರ ಶಾಹಿದ್ ಅಮೀನ್ ಅದನ್ನೇ ಕೇಳಿದರು. 1995ರಲ್ಲಿ ಬಂದ ಅವರ ‘ಈವೆಂಟ್, ಮೆಟಫರ್, ಮೆಮೊರಿ’ ಪುಸ್ತಕದಲ್ಲಿ ಕಥೆ ಠಾಣೆಯಿಂದ ಅಲ್ಲ, ಸಂತೆಯಿಂದ ಬೆಳೆಯುತ್ತದೆ. ಮುಂಡೇರಾ ಬಜಾರಿನಲ್ಲಿ ಮಾಂಸ, ಮೀನಿನ ಬೆಲೆ ಇಳಿಸಬೇಕು, ಹೆಂಡ ನಿಲ್ಲಬೇಕು ಅಂತ ಸ್ವಯಂಸೇವಕರು ಪಟ್ಟು ಹಿಡಿದಿದ್ದರು. ಅವರಲ್ಲಿ ಒಬ್ಬ ಭಗವಾನ್ ಅಹೀರ್, ಸೈನ್ಯದಿಂದ ಬಂದು ಪಿಂಚಣಿ ಪಡೆಯುತ್ತಿದ್ದವನು. ಠಾಣೆದಾರ ಅವನನ್ನು ಹೊಡೆದ. ಫೆಬ್ರವರಿ 4ರಂದು ಡುಮ್ರಿಯಲ್ಲಿ ಸೇರಿದ ಜನ ಆ ಏಟಿನ ಲೆಕ್ಕ ಕೇಳಲು ಹೊರಟರು. ಗುಂಡು, ಕಲ್ಲು, ಕೊನೆಗೆ ಬೆಂಕಿ. ಪೊಲೀಸರ ಕಡೆ 23 ಮಂದಿ ಸತ್ತರು.

ಈ ಹಳ್ಳಿಗರ ಬಗ್ಗೆ ನಮಗೆ ಗೊತ್ತಿರುವ ಬಹುಪಾಲು ಸಂಗತಿ ಅವರನ್ನು ಗಲ್ಲಿಗೇರಿಸಲು ಬರೆದ ಕಾಗದಗಳಲ್ಲೇ ಇದೆ. ಮುಖ್ಯವಾಗಿ ಮೀರ್ ಶಿಕಾರಿಯ ಹೇಳಿಕೆಯಲ್ಲಿ. ಆತ ಮಾಫಿ ಸಾಕ್ಷಿ, ತನ್ನ ಕೊರಳು ಉಳಿಸಿಕೊಳ್ಳಲು ಜೊತೆಗಾರರ ಹೆಸರು ಹೇಳಿದವನು. ಇಂಥವನ ಮಾತನ್ನು ನಂಬೋದು ಹೇಗೆ? ಅಮೀನ್ ನಂಬುವುದೂ ಇಲ್ಲ, ಬಿಸಾಡುವುದೂ ಇಲ್ಲ. ನ್ಯಾಯಾಲಯಕ್ಕೆ ಬೇಕಾದದ್ದು ಯಾವುದು, ಬೇಡವಾದರೂ ಬಾಯಿಂದ ಜಾರಿದ್ದು ಯಾವುದು ಅಂತ ಬಿಡಿಸುತ್ತಾ ಹೋಗುತ್ತಾರೆ. ಸಂತೆಯ ದರ, ನೆರೆಹೊರೆಯ ನಂಟು ನಮಗೆ ಸಿಗುವುದು ಆ ಜಾರಿದ ಮಾತಿನಲ್ಲೇ. ಇತಿಹಾಸ ಓದುವ ಹುಡುಗ ಹುಡುಗಿಯರು ಈ ಭಾಗವನ್ನು ಎರಡು ಸಲ ಓದಬೇಕು ಅಂತ ನನ್ನ ಶಿಫಾರಸು.

ಆದರೆ ಪುಸ್ತಕದ ಜೀವ ಇರೋದು ನೌಜಾದಿಯಲ್ಲಿ. ಜೈಲಿಗೆ ಹೋದ ರಾಮೇಶರ್ ಪಾಸಿಯ ಹೆಂಡತಿ. ಏಳು ದಶಕದ ಹತ್ತಿರ ಕಳೆದ ಮೇಲೆ ಅಮೀನ್ ಊರಿಗೆ ಹೋಗಿ ಈ ಮುದುಕಿಯ ಮುಂದೆ ಕೂರುತ್ತಾರೆ. ಆಕೆಯ ಬಾಯಲ್ಲಿ ವಾಲಂಟಿಯರ್ ‘ಓಟಿಯಾರ್’ ಆಗಿದ್ದಾನೆ. ಅವರು ಉಟ್ಟದ್ದು ಬಿಳಿ ಖಾದಿ ಅಲ್ಲ, ಕಾವಿ ಬಣ್ಣದ ಬಟ್ಟೆ. ಮನೆಮನೆಗೆ ಬಂದು ಚಿಟಿಕೆ ಧಾನ್ಯ ಎತ್ತುತ್ತಿದ್ದರು. ನಾವು ಚಿತ್ರಗಳಲ್ಲಿ ನೋಡಿದ ಸ್ವಾತಂತ್ರ್ಯ ಹೋರಾಟ ಇಲ್ಲಿ ಗುರುತೇ ಸಿಗೋದಿಲ್ಲ. ನನಗೊಂದು ತಕರಾರಿದೆ: ನೌಜಾದಿ ಬರುವಷ್ಟರಲ್ಲಿ ಪುಸ್ತಕ ಬಹಳ ದೂರ ಸಾಗಿರುತ್ತದೆ, ಬಂದ ಮೇಲೂ ಆಕೆಯ ಮಾತನ್ನು ಕೋರ್ಟಿನ ಕಡತದ ಪಕ್ಕ ಇಟ್ಟು ತೂಗುವುದು ತಪ್ಪುವುದಿಲ್ಲ. ಇಂಗ್ಲಿಷೂ ಸಲೀಸಲ್ಲ.

ಇನ್ನೊಂದು ಮಾತು, ಇದು ನಮಗೇ ಸಂಬಂಧಿಸಿದ್ದು. 1923ರಲ್ಲಿ ಸೆಷನ್ಸ್ ನ್ಯಾಯಾಲಯ 172 ಜನರಿಗೆ ಮರಣದಂಡನೆ ವಿಧಿಸಿತು. ಹೈಕೋರ್ಟಿನ ನಂತರ ಗಲ್ಲಿಗೇರಿದವರು 19. ಅವರಲ್ಲಿ ನಜರ್ ಅಲಿ, ಲಾಲ್ ಮುಹಮ್ಮದ್, ಅಬ್ದುಲ್ಲಾ ಇದ್ದಾರೆ. ಇಂಥ ಹೆಸರು ಸಿಕ್ಕಕೂಡಲೇ ನಾವು ಪಟ್ಟಿಗೆ ಸೇರಿಸುತ್ತೇವೆ, ‘ನೋಡಿ, ನಮ್ಮವರೂ ಇದ್ದರು’ ಅಂತ. ಪದೇಪದೇ ದಾಖಲೆ ಕೇಳುವವರ ನಡುವೆ ಬದುಕುವವರಿಗೆ ಆ ಆಸೆ ತಪ್ಪಲ್ಲ. ಅಮೀನ್ ಮಾತ್ರ ಆ ಪಟ್ಟಿ ಮಾಡುವುದಿಲ್ಲ. ಅವರ ನಜರ್ ಅಲಿ ಭಗವಾನ್ ಅಹೀರನ ಏಟಿಗೆ ಸಿಟ್ಟಾದ ಡುಮ್ರಿಯವನು. ಖಿಲಾಫತ್ತೂ ಕಾಂಗ್ರೆಸ್ಸೂ ಒಂದೇ ಚೀಟಿಯಲ್ಲಿ ಊರಿಗೆ ಬಂದ ಕಾಲ ಅದು.

ನಮ್ಮ ಶಿವಮೊಗ್ಗದ ಈಸೂರನ್ನು ನೆನೆಯಿರಿ. 1942ರಲ್ಲಿ ಅಲ್ಲೂ ಅಧಿಕಾರಿಗಳು ಸತ್ತರು, ಮರುವರ್ಷ ಐವರನ್ನು ಗಲ್ಲಿಗೇರಿಸಿದರು. ಈಸೂರು ನಮಗೆ ಹೆಮ್ಮೆ, ಚೌರಿಚೌರಾ ಬಹುಕಾಲ ಕಳಂಕ. ಹಳ್ಳಿಗರು ಮಾಡಿದ್ದರಲ್ಲಿ ಅಂಥ ದೊಡ್ಡ ವ್ಯತ್ಯಾಸ ಏನಿತ್ತು? ಈ ಪ್ರಶ್ನೆ ಇಟ್ಟುಕೊಂಡೇ ಪುಸ್ತಕ ತೆರೆಯಿರಿ.

ಭಾರ ಅನಿಸಿದರೆ ಮೊದಲು ಅಮೀನರ 1984ರ ಪ್ರಬಂಧ ‘ಗಾಂಧಿ ಆ್ಯಸ್ ಮಹಾತ್ಮ’ ಓದಿ. 1921ರ ಫೆಬ್ರವರಿ 8ರಂದು ಗಾಂಧೀಜಿ ಗೋರಖ್‌ಪುರಕ್ಕೆ ಬಂದುಹೋದ ಸುತ್ತಮುತ್ತ ಹಳ್ಳಿಗಳಲ್ಲಿ ಹಬ್ಬಿದ ಪವಾಡದ ಸುದ್ದಿಗಳ ಕಥೆ ಅದು. ಆಮೇಲೆ ನೌಜಾದಿ ಹೇಳುವ ಆ ಕಾವಿ ಬಟ್ಟೆ ನಿಮಗೆ ವಿಚಿತ್ರ ಅನಿಸೋದಿಲ್ಲ.