ಉಮಾಶ್ರೀಯವರ ಅಭಿನಯದಲ್ಲಿ ಹಾಸ್ಯದ ಸ್ಥಾನ

ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡಗಳ ಸೀಮೆಯಲ್ಲಿ ಮೂಡಲಪಾಯದ ಆಟವನ್ನು ಕಂಡವರಿಗೆ ಹಾಸ್ಯಗಾರನ ಬೆಲೆ ತಿಳಿದೇ ಇರುವುದು. ರಾಜನಾಡಿದ ಗಂಭೀರವಾದ ಮಾತನ್ನು ಅವನು ಊರಿನ ಮಾತಿಗೆ ಇಳಿಸುತ್ತಾನೆ. ಸಭೆಯು ನಗುತ್ತಲೇ ಕಥೆಯ ತಿರುಳನ್ನು ಹಿಡಿಯುತ್ತದೆ. ಬಯಲಾಟದಲ್ಲಿ ಹಾಸ್ಯಗಾರನಿಗುಂಟಾದ ಈ ಗೌರವವು ಚಲಚ್ಚಿತ್ರ ವಿಮರ್ಶೆಯಲ್ಲಿ ಹಾಸ್ಯನಟರಿಗೆ ದೊರೆತಿಲ್ಲ. ಇದೇ ತುಮಕೂರು ಜಿಲ್ಲೆಯ ನೊಣವಿನಕೆರೆಯವರಾದ ಶ್ರೀಮತಿ ಉಮಾಶ್ರೀಯವರ ವಿಷಯದಲ್ಲಿ ಈ ಲೋಪವು ಎದ್ದುಕಾಣುತ್ತದೆ.

ಅವರ ಕಲಾಜೀವನವನ್ನು ಕುರಿತು ಸಾಮಾನ್ಯವಾಗಿ ಹೇಳುವ ಕ್ರಮವೊಂದುಂಟು. ರಂಗಭೂಮಿಯಲ್ಲಿ ಶ್ರೇಷ್ಠ ನಟಿ, 1984ರ ‘ಅನುಭವ’ದಿಂದ ಮೊದಲ್ಗೊಂಡು ಅನೇಕ ವರ್ಷ ಜೀವನೋಪಾಯಕ್ಕಾಗಿ ಹಾಸ್ಯಪಾತ್ರ, ಕಡೆಗೆ ‘ಗುಲಾಬಿ ಟಾಕೀಸ್’ನಿಂದ ಪುನಃ ಶ್ರೇಷ್ಠತೆ. ಹೀಗೆ ಹೇಳುವವರ ಮನಸ್ಸಿನಲ್ಲಿ ನಡುವಣ ಕಾಲವು ವನವಾಸವಿದ್ದಂತೆ. ಎನ್. ಎಸ್. ರಾವ್ ಮೊದಲಾದವರೊಡನೆ ಅವರು ನಟಿಸಿದ ದೃಶ್ಯಗಳಲ್ಲಿ ದ್ವಂದ್ವಾರ್ಥದ ಹೊಲಸು ಇದ್ದುದು ನಿಜ, ಅದನ್ನು ಸಮರ್ಥಿಸಬೇಕಾದುದಿಲ್ಲ. ಆದರೆ ಹೊಲಸು ಬರೆದವರದು. ಮಾತಿಗೂ ಮಾತಿಗೂ ನಡುವೆ ಎಷ್ಟು ತಡೆಯಬೇಕು, ಎಲ್ಲಿ ದನಿಯನ್ನು ಒಡೆಯಬೇಕು ಎಂಬ ಲೆಕ್ಕ ನಟಿಯದು. ಆ ಲೆಕ್ಕವಿಲ್ಲದೆ ಅವರ ಕರುಣಪಾತ್ರಗಳೂ ನಿಲ್ಲುತ್ತಿರಲಿಲ್ಲ.

ಇದಕ್ಕೆ ಬಲವಾದ ಸಾಕ್ಷಿ ಸಾಕವ್ವ. ದೇವನೂರ ಮಹಾದೇವರ ‘ಒಡಲಾಳ’ವನ್ನು ಸಿ. ಜಿ. ಕೃಷ್ಣಸ್ವಾಮಿಯವರು ರಂಗಕ್ಕೆ ತಂದಾಗ ಆ ಮುದುಕಿಯ ಪಾತ್ರ ಉಮಾಶ್ರೀಯವರದಾಯಿತು. ಕಳೆದುಹೋದ ಹುಂಜವನ್ನು ಹುಡುಕುತ್ತ ಊರನ್ನೇ ಬಯ್ಯುವ ಸಾಕವ್ವನು ಮೊದಲು ನಗೆಗೆ ವಸ್ತು. ಕಳವಿನ ಕಡಲೆಕಾಯಿಯನ್ನು ಒಂದೇ ರಾತ್ರಿಯಲ್ಲಿ ಮನೆಮಂದಿಯೆಲ್ಲ ತಿಂದು ಮುಗಿಸುವ ಪ್ರಸಂಗದಲ್ಲಿಯೂ ನಗೆಯೇ ಮೇಲೆ ತೋರುವುದು, ಹಸಿವು ಅದರಡಿಯಲ್ಲಿರುವುದು. ಕಡಲೆಕಾಯಿ ಬೆಳೆಯುವ ಪಾವಗಡ, ಶಿರಾಗಳ ವಾಚಕರಿಗೆ ಇದನ್ನು ವಿವರಿಸಬೇಕಾಗಿಲ್ಲ. ಈ ಪಾತ್ರವನ್ನು ಮೊದಲಿನಿಂದಲೇ ಅಳುಮುಖದಿಂದ ಅಭಿನಯಿಸಿದರೆ ಕಥೆ ಕೆಡುತ್ತದೆ. ಬಯ್ಗುಳದ ವೇಗವನ್ನು ಬಲ್ಲ ನಟಿಗೆ ಮಾತ್ರ ಆ ವೇಗವು ತಾನಾಗಿ ನಿಂತುಹೋಗುವ ಕ್ಷಣವನ್ನು ತೋರಿಸುವುದು ಸಾಧ್ಯ. ಇಲ್ಲಿ ವಾಚಿಕವೇ ಪ್ರಧಾನವಾದುದು.

‘ಗುಲಾಬಿ ಟಾಕೀಸ್’ನಲ್ಲಿ ಇದರ ವಿಪರ್ಯಾಸವನ್ನು ಕಾಣಬಹುದು. ವೈದೇಹಿಯವರ ಕಥೆಯಲ್ಲಿ ಊರಿಗೆ ಬಂದುದು ಚಿತ್ರಮಂದಿರ. ಗಿರೀಶ್ ಕಾಸರವಳ್ಳಿಯವರ ಚಿತ್ರದಲ್ಲಿ ಸೂಲಗಿತ್ತಿ ಗುಲಾಬಿಯ ಗುಡಿಸಲಿಗೆ ಬರುವುದು ದೂರದರ್ಶನದ ಪೆಟ್ಟಿಗೆ. ಸಿನಿಮಾದ ಹುಚ್ಚಿನವಳಾದ, ಗಂಡನು ಕೈಬಿಟ್ಟ ಈ ಮುಸಲ್ಮಾನ ಹೆಂಗಸು ಮಾತಿಗಿಂತ ಹೆಚ್ಚಾಗಿ ನೋಡುತ್ತಾಳೆ. ನೋಡುವುದನ್ನು ಅಭಿನಯಿಸುವುದು ಅತ್ಯಂತ ಕಷ್ಟ. ಮುಖವನ್ನು ಸ್ವಲ್ಪ ಹೆಚ್ಚಾಗಿ ಅರಳಿಸಿದರೆ ನಗೆಪಾಟಲು, ಅರಳಿಸದಿದ್ದರೆ ಶೂನ್ಯ. ಉಮಾಶ್ರೀಯವರು ತೆರೆಯ ಬೆಳಕಿನೆದುರು ಮಗುವಿನಂತೆ ಬಾಯ್ದೆರೆಯುವ ಸಂತೋಷವನ್ನು ಹಾಸ್ಯದ ಅಂಚಿನವರೆಗೆ ಒಯ್ದು ಅಲ್ಲಿಯೇ ತಡೆದಿದ್ದಾರೆ. ಆ ಸಂತೋಷವು ನಿಜವಾದ್ದರಿಂದಲೇ ಕಾರ್ಗಿಲ್ ಕಾಲದ ಮತದ್ವೇಷವು ಅವಳ ಬಾಗಿಲಿಗೆ ಬಂದಾಗ ಪ್ರೇಕ್ಷಕರಿಗೆ ನಷ್ಟವು ತಿಳಿಯುತ್ತದೆ. 2007ನೆಯ ಸಾಲಿನ ಶ್ರೇಷ್ಠ ನಟಿಯೆಂಬ ರಾಷ್ಟ್ರಪ್ರಶಸ್ತಿಯು ಈ ಪಾತ್ರಕ್ಕೆ ಸಂದಿತು. ಪ್ರಶಸ್ತಿಯನ್ನು ಹೊಗಳಿದವರು ಇದರ ಹಿಂದಿನ ಹಾಸ್ಯದ ಸಾಧನೆಯನ್ನು ನೆನೆದುದು ವಿರಳ.

ನಡುವೆ 2013ರಲ್ಲಿ ತೇರದಾಳದಿಂದ ಶಾಸಕಿಯಾಗಿ ಗೆದ್ದು ಸಚಿವೆಯೂ ಆದರು; ಅದು ಬೇರೆಯ ಚರಿತ್ರೆ.

2021ರಲ್ಲಿ ಆರಂಭವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯನ್ನು ಕುರಿತು ಇಷ್ಟು ಉತ್ಸಾಹದಿಂದ ಹೇಳಲಾಗದು. ಗಂಡುಮಗುವಿಲ್ಲವೆಂದು ಗಂಡನು ತೊರೆದ, ಮೂರು ಹೆಣ್ಣುಮಕ್ಕಳನ್ನು ಮೆಸ್ ನಡೆಸಿ ಸಾಕುವ ತಾಯಿಯ ಪಾತ್ರವು ಅವರಿಗೆ ಒಪ್ಪುವಂತಹುದೇ. ಆದರೆ ದಿನದಿನದ ಕಂತಿಗೆ ಕಣ್ಣೀರು ಬೇಕು. ಒಂದೇ ಮುಖಭಾವವನ್ನು ಸಂಗೀತದೊಡನೆ ಹಿಡಿದು ನಿಲ್ಲಿಸುವ ಪದ್ಧತಿಯು ಮಾತನ್ನು ತಡೆದು ಬಿಡುವ ಅವರ ಕೌಶಲವನ್ನು ನುಂಗುತ್ತದೆ. ಒಲೆಯ ಮುಂದೆ, ಊಟಕ್ಕೆ ಬಂದವರೊಡನೆ ಮಾತನಾಡುವಾಗ ಮಾತ್ರ ಹಳೆಯ ಚುರುಕು ಮಿಂಚುವುದು. ಅಲ್ಲಿ ಪುಟ್ಟಕ್ಕನು ಸಾಕವ್ವನ ಬಂಧುವೇ ಸರಿ.

2025ರ ಜನವರಿಯಲ್ಲಿ ಹೊನ್ನಾವರದಲ್ಲಿ ಅವರು ಯಕ್ಷಗಾನದ ವೇಷವನ್ನು ಕಟ್ಟಿದರು. ಆರಿಸಿಕೊಂಡ ಪಾತ್ರ ಸೀತೆಯಲ್ಲ, ಕೈಕೆಯಲ್ಲ. ಸಭೆಯನ್ನು ನಗಿಸುತ್ತಲೇ ಅಯೋಧ್ಯೆಯನ್ನು ಕೆಡಿಸಬಲ್ಲ ಮಂಥರೆ.